ಕಛೇರಿ ಕೊಡದ ಪಿಯಾನೋ ವಾದಕ



ಈ ಭಾಷಣದ ವಿಷಯ ಪಾಶ್ಚಾತ್ಯ ಶಾಸ್ತ್ರೀಯ ಸಂಗೀತದ ಪಿಯಾನೋ ವಾದಕರೊಬ್ಬರ ಜೀವನ. ವಿಷಯ ಕೇಳಿದೊಡನೆ ನಮ್ಮ ಸಾವಳಗಿ ಕಡೆಯ ಹಿರಿಯರು ಏನು ಕೇಳುತ್ತಾರೆಂಬುದು ನನಗೆ ಗೊತ್ತು. "ಪಿಯಾನೋ ನಮ್ಮೂರಾಗ ಎಲ್ಲಿ ಐತಿ ತಮ್ಮಾ? ನಮ್ಮದೇನಿದ್ರೂ ಪೇಟಿ." ಮಾತು ನಿಜ. ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ ಸೀಮೆಯಲ್ಲಿ ಭಜನೆಗೆ ಪೇಟಿ ಬೇಕು, ಪಾರಿಜಾತದ ಆಟಕ್ಕೆ ಪೇಟಿ ಬೇಕು, ನಾಟಕ ಕಂಪನಿಗಂತೂ ಬೇಕೇ ಬೇಕು. ಹಾಡುವವರು ತಮ್ಮ ಶ್ರುತಿಯನ್ನು "ಕರಿ ಎರಡು", "ಬಿಳಿ ನಾಲ್ಕು" ಎಂದು ಪೇಟಿಯ ಪಟ್ಟಿಯ ಲೆಕ್ಕದಲ್ಲೇ ಹೇಳುತ್ತಾರೆ. ಹಾಗಿದ್ದರೂ ಈ ವಿಷಯವನ್ನು ಆರಿಸಿಕೊಳ್ಳಲು ಎರಡು ಕಾರಣಗಳಿವೆ.

ಮೊದಲನೆಯದು, ಪೇಟಿಯೂ ಪಿಯಾನೋ ಕೂಡ ಬೆರಳಿಗೆ ಒಂದೇ ಜಾತಿಯ ವಾದ್ಯಗಳು. ಕರಿ-ಬಿಳಿ ಪಟ್ಟಿಗಳ ಜೋಡಣೆ ಎರಡರಲ್ಲೂ ಒಂದೇ. ಎರಡನೆಯದು, ನಾನು ಹೇಳಹೊರಟಿರುವ ವಾದಕರು ವಿಯೆನ್ನಾದವರೂ ಅಲ್ಲ, ಮಾಸ್ಕೋದವರೂ ಅಲ್ಲ. 1956ರ ನವೆಂಬರ್ 1ರಂದು ಮುಂಬಯಿ ರಾಜ್ಯದಲ್ಲಿದ್ದ ಬಿಜಾಪುರ ಜಿಲ್ಲೆ ಏಕೀಕೃತ ಮೈಸೂರು ರಾಜ್ಯಕ್ಕೆ ಸೇರಿತು. ಆ ದಿನ ಸಾವಳಗಿಯವರಿಗೂ ಸೇರಿ ಎಲ್ಲ ಕನ್ನಡಿಗರಿಗೆ ರಾಜ್ಯಪಾಲರಾದವರೇ ಈ ವಾದಕರು. ಹೆಸರು ಜಯಚಾಮರಾಜೇಂದ್ರ ಒಡೆಯರ್. ಮೈಸೂರಿನ ಕೊನೆಯ ಮಹಾರಾಜರು ಎಂದು ಅವರನ್ನು ಎಲ್ಲರೂ ಬಲ್ಲರು. ಪಿಯಾನೋ ವಾದಕರಾಗಬೇಕೆಂದು ಹಂಬಲಿಸಿದ ಯುವಕ ಎಂದು ಬಲ್ಲವರು ಕಡಿಮೆ.

ಅವರ ಕಥೆಗೆ ಹೋಗುವ ಮುನ್ನ ವಾದ್ಯದ ಪರಿಚಯ ಮಾಡಿಕೊಳ್ಳೋಣ. ವಿಜ್ಞಾನ ಓದಿದವನಾದ್ದರಿಂದ ಯಂತ್ರದ ಒಳಗನ್ನು ನೋಡದೆ ನನಗೆ ಸಮಾಧಾನವಾಗುವುದಿಲ್ಲ.

ಪೇಟಿಯಲ್ಲಿ ಒಂದು ಕೈ ತಿದಿ ಒತ್ತುತ್ತದೆ, ಇನ್ನೊಂದು ಕೈ ಪಟ್ಟಿ ಒತ್ತುತ್ತದೆ. ಗಾಳಿ ಹಿತ್ತಾಳೆಯ ಎಳೆಯ ಮೇಲೆ ಹಾಯ್ದು ಸ್ವರ ಹುಟ್ಟುತ್ತದೆ. ಪಟ್ಟಿ ಒತ್ತಿಹಿಡಿದಷ್ಟು ಹೊತ್ತು ಸ್ವರ ನಿಲ್ಲುತ್ತದೆ. ಆದರೆ ಬೆರಳಿನಿಂದ ಪಟ್ಟಿಯನ್ನು ಮೆಲ್ಲಗೆ ಒತ್ತಿದರೂ ಜೋರಾಗಿ ಒತ್ತಿದರೂ ಸದ್ದು ಹೆಚ್ಚುಕಡಿಮೆ ಒಂದೇ. ಏರಿಳಿತ ಬೇಕಾದರೆ ಗಾಳಿಯಿಂದಲೇ ಬರಬೇಕು. ಪಿಯಾನೋದಲ್ಲಿ ಗಾಳಿಗೆ ಕೆಲಸವಿಲ್ಲ. ಪಟ್ಟಿ ಒತ್ತಿದಾಗ ಒಳಗೆ ಉಣ್ಣೆಯ ಹೊದಿಕೆಯ ಪುಟ್ಟ ಸುತ್ತಿಗೆಯೊಂದು ಹಾರಿ ಉಕ್ಕಿನ ತಂತಿಗೆ ಬಡಿದು ತಕ್ಷಣ ಹಿಂದೆ ಸರಿಯುತ್ತದೆ. ಬಡಿದ ಮೇಲೂ ಸುತ್ತಿಗೆ ತಂತಿಗೆ ತಾಗಿಯೇ ಉಳಿದರೆ ಸದ್ದು ಸತ್ತುಹೋಗುತ್ತದೆ. ಹೀಗೆ ಬಡಿದು ಬಿಡಿಸಿಕೊಳ್ಳುವ ಉಪಾಯವನ್ನು 1700ರ ಸುಮಾರಿಗೆ ಇಟಲಿಯ ಫ್ಲಾರೆನ್ಸ್ ನಗರದಲ್ಲಿ ಬಾರ್ತೊಲೊಮಿಯೊ ಕ್ರಿಸ್ತೊಫೊರಿ ಎಂಬ ವಾದ್ಯ ತಯಾರಕ ಕಂಡುಹಿಡಿದ. ಬೆರಳು ಎಷ್ಟು ವೇಗದಿಂದ ಇಳಿಯುತ್ತದೋ ಸದ್ದು ಅಷ್ಟು ದೊಡ್ಡದು. ಮೆಲ್ಲಗೂ ಜೋರಾಗಿಯೂ ನುಡಿಯಬಲ್ಲದ್ದು ಎಂಬ ಅರ್ಥದ ಇಟಾಲಿಯನ್ ಮಾತೇ ಕುಗ್ಗಿ 'ಪಿಯಾನೋ' ಆಯಿತು.

ಇಂದಿನ ಕಛೇರಿ ಪಿಯಾನೋದಲ್ಲಿ 88 ಪಟ್ಟಿಗಳಿವೆ. 52 ಬಿಳಿ, 36 ಕರಿ. ಕೆಳಗಿನ ಸ್ವರಕ್ಕೆ ತಂತಿ ಸೆಕೆಂಡಿಗೆ 27.5 ಬಾರಿ ಕಂಪಿಸಿದರೆ, ಮೇಲಿನ ತುದಿಯ ಸ್ವರಕ್ಕೆ 4186 ಬಾರಿ. ಒಳಗೆ ಇನ್ನೂರಕ್ಕೂ ಹೆಚ್ಚು ತಂತಿಗಳು. ಅವೆಲ್ಲವುಗಳ ಒಟ್ಟು ಎಳೆತ ಸುಮಾರು ಇಪ್ಪತ್ತು ಟನ್. ಅದನ್ನು ತಾಳಿಕೊಳ್ಳಲು ಎರಕದ ಕಬ್ಬಿಣದ ಚೌಕಟ್ಟು ಬೇಕು. ಉದ್ದ ಒಂಬತ್ತು ಅಡಿ, ತೂಕ ನಾಲ್ಕೈದು ಕ್ವಿಂಟಲ್. ಪೇಟಿಯಂತೆ ಹೆಗಲಿಗೇರಿಸಿಕೊಂಡು ಜಾತ್ರೆಗೆ ಒಯ್ಯುವ ವಾದ್ಯ ಇದಲ್ಲ.

ಇನ್ನೊಂದು ಮಾತು. ಎರಡೂ ವಾದ್ಯಗಳಲ್ಲಿ ಒಂದು ಸಪ್ತಕವನ್ನು ಹನ್ನೆರಡು ಸಮಭಾಗ ಮಾಡಿರುತ್ತಾರೆ. ಒಂದು ಪಟ್ಟಿಯಿಂದ ಮುಂದಿನದಕ್ಕೆ ಕಂಪನ ಸುಮಾರು 1.0595 ಪಟ್ಟು ಹೆಚ್ಚುತ್ತದೆ. ಷಡ್ಜ 240 ಎಂದಿಟ್ಟುಕೊಂಡರೆ ತಂಬೂರಿಯ ಶುದ್ಧವಾದ ಪಂಚಮ 360. ಪಟ್ಟಿಯ ಪಂಚಮ 359.6. ಈ ವ್ಯತ್ಯಾಸವನ್ನು ಕಿವಿ ಕ್ಷಮಿಸುತ್ತದೆ. ಆದರೆ ತಂಬೂರಿಯ ಗಾಂಧಾರ 300 ಇದ್ದಲ್ಲಿ ಪಟ್ಟಿಯ ಗಾಂಧಾರ 302.4. ಇದು ಬಲ್ಲವರ ಕಿವಿಗೆ ಚುಚ್ಚುತ್ತದೆ. ಜೊತೆಗೆ ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವ ಮೀಂಡ್, ನಮ್ಮ ಗಮಕ, ಎರಡೂ ಪಟ್ಟಿಯ ವಾದ್ಯದಲ್ಲಿ ಬರುವುದಿಲ್ಲ. ಇಂಥ ಕಾರಣಗಳಿಂದಲೇ 1940ರಲ್ಲಿ ಆಕಾಶವಾಣಿ ಪೇಟಿಗೆ ಬಾಗಿಲು ಮುಚ್ಚಿತು. ಆ ನಿಷೇಧ ಸುಮಾರು ಮೂವತ್ತು ವರ್ಷ ನಡೆಯಿತು. ಅಷ್ಟೂ ಕಾಲ ಪೇಟಿಯವರು ಸುಮ್ಮನೆ ಕೂಡಲಿಲ್ಲ. ಬೆಳಗಾವಿಯ ಪಂಡಿತ ರಾಮಭಾವು ಬಿಜಾಪುರೆ (1917–2010) ಅವರು ಮಲ್ಲಿಕಾರ್ಜುನ ಮನಸೂರ, ಗಂಗೂಬಾಯಿ ಹಾನಗಲ್ಲ, ಭೀಮಸೇನ ಜೋಶಿ ಮೊದಲಾದ ದೊಡ್ಡವರಿಗೆಲ್ಲ ಸಾಥ್ ನೀಡುತ್ತ, ತಾವೊಬ್ಬರೇ ಕುಳಿತು ಪೇಟಿಯ ಸ್ವತಂತ್ರ ಕಛೇರಿಯನ್ನೂ ಮಾಡಿ ತೋರಿಸಿದರು. ಪಟ್ಟಿಯ ವಾದ್ಯಕ್ಕೆ ಬಾಳನ್ನೇ ಕೊಟ್ಟವರು ನಮ್ಮ ಭಾಗದಲ್ಲೂ ಇದ್ದರು ಎಂಬುದು ನೆನಪಿನಲ್ಲಿರಲಿ.

ಈಗ ಮೈಸೂರಿಗೆ ಬರೋಣ. ಅಲ್ಲಿಯ ಅರಮನೆಗೆ ಪಿಯಾನೋ ಹೊಸದಾಗಿರಲಿಲ್ಲ. ವೀಣೆ ಶೇಷಣ್ಣನವರು (1852–1926) ವೀಣೆಯ ಜೊತೆಗೆ ಪಿಯಾನೋವನ್ನೂ ನುಡಿಸಬಲ್ಲವರಾಗಿದ್ದರು. ನಾಲ್ವಡಿ ಕೃಷ್ಣರಾಜ ಒಡೆಯರು ದೇಶೀ, ವಿದೇಶೀ ಎರಡೂ ಬಗೆಯ ಹಲವು ವಾದ್ಯಗಳನ್ನು ಬಲ್ಲವರು. ಅರಮನೆಯಲ್ಲಿ ಪಾಶ್ಚಾತ್ಯ ವಾದ್ಯವೃಂದವನ್ನೂ ಸಾಕಿದ್ದರು. ಇಂಥ ಮನೆಯಲ್ಲಿ 1919ರ ಜುಲೈ 18ರಂದು ಜಯಚಾಮರಾಜರು ಹುಟ್ಟಿದರು. ನಾಲ್ವಡಿಯವರಿಗೆ ಮಕ್ಕಳಿರಲಿಲ್ಲ. ಅವರ ತಮ್ಮ, ಯುವರಾಜ ಕಂಠೀರವ ನರಸಿಂಹರಾಜ ಒಡೆಯರ ಏಕೈಕ ಪುತ್ರ ಇವರು. ಇವರ ತಂಗಿ ವಿಜಯಾದೇವಿಯವರೂ ಪಿಯಾನೋ ಕಲಿತವರೇ; ಮುಂದೆ 1974ರಲ್ಲಿ ಬೆಂಗಳೂರಿನಲ್ಲಿ ಇಂಟರ್‌ನ್ಯಾಷನಲ್ ಮ್ಯೂಸಿಕ್ ಅಂಡ್ ಆರ್ಟ್ಸ್ ಸೊಸೈಟಿಯನ್ನು ಕಟ್ಟಿದರು.

ಒಂದು ಲೆಕ್ಕ ಹಾಕಿ ನೋಡಿ. ದೊಡ್ಡಪ್ಪ ಹುಟ್ಟಿದ್ದು 1884ರಲ್ಲಿ, ತಂದೆ 1888ರಲ್ಲಿ. ದೊಡ್ಡಪ್ಪನ ನಂತರ ತಂದೆ, ತಂದೆಯ ನಂತರ ಮಗ. ಆಯುಷ್ಯ ನೆಟ್ಟಗಿದ್ದರೆ ಪಟ್ಟ ತನ್ನ ಬಳಿಗೆ ಬರಲು ಇನ್ನೂ ಇಪ್ಪತ್ತು-ಮೂವತ್ತು ವರ್ಷವಿದೆ ಎಂದು ಆ ಹುಡುಗ ಎಣಿಸಿದ್ದರೆ ತಪ್ಪಿರಲಿಲ್ಲ. ಅಷ್ಟು ವರ್ಷ ಸಂಗೀತಗಾರನಾಗಿ ಬಾಳಲು ಸಾಕಿತ್ತು. 1938ರಲ್ಲಿ ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಪದಕಗಳೊಡನೆ ಬಿ.ಎ. ಮುಗಿಸಿದರು. 1939ರಲ್ಲಿ ಯುರೋಪಿಗೆ ಹೋಗಿ ಲಂಡನ್ನಿನ ಕಲಾವಿದರ, ವಿದ್ವಾಂಸರ ಪರಿಚಯ ಮಾಡಿಕೊಂಡರು. ಲಂಡನ್ನಿನ ಗಿಲ್ಡ್‌ಹಾಲ್ ಸಂಗೀತ ಶಾಲೆಯ ಲೈಸೆನ್ಷಿಯೇಟ್ ಪದವಿ ಅವರದಾಯಿತು. ಅಂದರೆ ಇದು ಅರಮನೆಯ ದಿವಾನಖಾನೆಯಲ್ಲಿ ಅತಿಥಿಗಳಿಗೆ ನುಡಿಸಿ ಹೊಗಳಿಸಿಕೊಳ್ಳುವ ಮಟ್ಟದ ಕಲಿಕೆಯಲ್ಲ. ಕಛೇರಿ ವಾದಕನಾಗಬೇಕೆಂಬ ಅವರ ಹಂಬಲಕ್ಕೆ ಪರೀಕ್ಷಕರ ಮುಂದೆ ಕುಳಿತು ಪಡೆದ ಆಧಾರವಿತ್ತು.

ಆಮೇಲೆ 1940 ಬಂತು. ಮಾರ್ಚ್ 11ರಂದು ಮುಂಬಯಿಯಲ್ಲಿ ತಂದೆ ತೀರಿಕೊಂಡರು, ವಯಸ್ಸು 51. ಆಗಸ್ಟ್ 3ರಂದು ದೊಡ್ಡಪ್ಪ ನಾಲ್ವಡಿಯವರು ತೀರಿಕೊಂಡರು, ವಯಸ್ಸು 56. ಐದು ತಿಂಗಳೊಳಗೆ ಎರಡು ಸಾವು. ಸೆಪ್ಟೆಂಬರ್ 8ರಂದು ಇಪ್ಪತ್ತೊಂದು ವರ್ಷದ ಯುವಕ ಸಿಂಹಾಸನವೇರಿದ.

ಇದರಲ್ಲಿ ಕಳೆದುಕೊಂಡದ್ದೇನು ಎಂದು ನೀವು ಕೇಳಬಹುದು. ರಾಜ್ಯ ಸಿಕ್ಕವನಿಗೆ ಪಿಯಾನೋ ಹೋದರೆ ದುಃಖವೆ? ಈ ಪ್ರಶ್ನೆಗೆ ಉತ್ತರ ಕಛೇರಿ ವಾದಕನ ಬದುಕಿನಲ್ಲಿದೆ. ಅವನ ದಿನ ಎಂಥದೆಂದರೆ ಐದಾರು ಗಂಟೆ ಸಾಧನೆ, ಅದೂ ತಪ್ಪದೆ. ಎರಡು ಗಂಟೆಯ ಕಛೇರಿಯ ಒಂದೊಂದು ಸ್ವರವೂ ಪುಸ್ತಕವಿಲ್ಲದೆ ಬಾಯಿಪಾಠವಾಗಿ ಬೆರಳಲ್ಲಿರಬೇಕು. ನಮ್ಮ ಗಾಯಕರಂತೆ ಮನೋಧರ್ಮದಲ್ಲಿ ಹಾಡಿ ಒಂದು ತಾನವನ್ನು ಬಿಟ್ಟು ಇನ್ನೊಂದನ್ನು ಹಿಡಿಯುವ ಸ್ವಾತಂತ್ರ್ಯ ಅಲ್ಲಿಲ್ಲ. ಬರೆದದ್ದನ್ನು ಬರೆದಂತೆ ನುಡಿಸಬೇಕು, ಆದರೂ ಅದು ತನ್ನದೆನ್ನುವಂತೆ ನುಡಿಸಬೇಕು. ಇಪ್ಪತ್ತರಿಂದ ಮೂವತ್ತರವರೆಗಿನ ವರ್ಷಗಳು ಇದಕ್ಕೆ ಬಿತ್ತನೆಯ ಹಂಗಾಮು. ಹಂಗಾಮು ತಪ್ಪಿದ ಹೊಲದಲ್ಲಿ ಆಮೇಲೆ ಎಷ್ಟು ನೀರು ಹಾಯಿಸಿದರೂ ಬೆಳೆ ಅಷ್ಟಕ್ಕಷ್ಟೇ ಎಂಬುದನ್ನು ಜೋಳ ಬಿತ್ತುವ ನಮ್ಮವರಿಗೆ ಹೇಳಬೇಕಾಗಿಲ್ಲ. ದರ್ಬಾರು, ದಿವಾನರು, ಮಹಾಯುದ್ಧದ ಕಾಲದ ಆಡಳಿತ, ದಸರಾ, ಪ್ರವಾಸ – ಇವುಗಳ ನಡುವೆ ದಿನಕ್ಕೆ ಐದಾರು ಗಂಟೆ ತೆಗೆಯುವುದು ಯಾವ ರಾಜನಿಗೂ ಆಗದ ಮಾತು. ಒಂದು ವಾರ ಬಿಟ್ಟರೆ ಬೆರಳಿಗೆ ಗೊತ್ತಾಗುತ್ತದೆ, ಒಂದು ತಿಂಗಳು ಬಿಟ್ಟರೆ ಸಭೆಗೆ ಗೊತ್ತಾಗುತ್ತದೆ.

ಇಂಥ ಸಂದರ್ಭದಲ್ಲಿ ಎಷ್ಟೋ ಜನ ವಾದ್ಯದ ಮೇಲೆ ಬಟ್ಟೆ ಹೊದಿಸಿ ಸುಮ್ಮನಾಗುತ್ತಾರೆ. ಇನ್ನು ಕೆಲವರು ತಾವಾಗದ್ದನ್ನು ಮಕ್ಕಳ ಮೇಲೆ ಹೇರುತ್ತಾರೆ. ಜಯಚಾಮರಾಜರು ಬೇರೆಯದೊಂದು ದಾರಿ ಹಿಡಿದರು. ಅವರು ಕೇಳುಗರಾದರು. ಪ್ಲೇಟುಗಳನ್ನು ಹುಡುಕಿ ತರಿಸಿ ದೊಡ್ಡ ಸಂಗ್ರಹವನ್ನೇ ಮಾಡಿದರು. ಹೀಗೆ ಕೇಳುವಾಗ ಅವರ ಮನಸ್ಸು ನೆಟ್ಟದ್ದು ನಿಕೊಲಾಯ್ ಮೆಟ್ನರ್ ಎಂಬ ರಷ್ಯನ್ ಸಂಗೀತಗಾರನ ಮೇಲೆ.

ಮೆಟ್ನರರ ಬದುಕನ್ನು ಸ್ವಲ್ಪ ಹೇಳಬೇಕು. 1880ರಲ್ಲಿ ಮಾಸ್ಕೋದಲ್ಲಿ ಹುಟ್ಟಿದರು. ಅಲ್ಲಿಯ ಸಂಗೀತ ಮಹಾಶಾಲೆಯಿಂದ 1900ರಲ್ಲಿ ಪಿಯಾನೋದಲ್ಲಿ ಉನ್ನತ ಗೌರವದೊಡನೆ ಹೊರಬಂದರು. ಊರೂರು ಸುತ್ತಿ ಹೆಸರು, ಹಣ ಮಾಡಬಹುದಾಗಿದ್ದ ಕಛೇರಿ ವಾದಕನ ಬಾಳನ್ನು ತಾವಾಗಿಯೇ ಬದಿಗಿಟ್ಟು, ರಚನೆಯೇ ತಮ್ಮ ಕೆಲಸವೆಂದು ಕುಳಿತರು. ರಚಿಸಿದ್ದೆಲ್ಲ ಬಹುಮಟ್ಟಿಗೆ ಪಿಯಾನೋಗಾಗಿಯೇ. ವಿಶ್ವವಿಖ್ಯಾತ ರಖ್ಮಾನಿನೋವ್ ಇವರ ಗೆಳೆಯರು. ಆತ ತಮ್ಮ ನಾಲ್ಕನೆಯ ಕನ್ಚರ್ಟೋವನ್ನು ಮೆಟ್ನರರಿಗೆ ಅರ್ಪಿಸಿದರೆ, ಮೆಟ್ನರ್ ತಮ್ಮ ಎರಡನೆಯದನ್ನು ಆತನಿಗೆ ಅರ್ಪಿಸಿದರು. ಕನ್ಚರ್ಟೋ ಎಂದರೆ ಒಂದು ಮುಖ್ಯ ವಾದ್ಯ, ಅದರ ಎದುರಿಗೆ ದೊಡ್ಡ ವಾದ್ಯವೃಂದ, ಇವೆರಡರ ನಡುವಿನ ಸಂವಾದ. ಕ್ರಾಂತಿಯ ನಂತರ 1921ರಲ್ಲಿ ರಷ್ಯಾ ಬಿಟ್ಟು ಜರ್ಮನಿ, ಫ್ರಾನ್ಸ್ ಸುತ್ತಿ ಮೂವತ್ತರ ದಶಕದ ನಡುವಿನಲ್ಲಿ ಲಂಡನ್ನಿನಲ್ಲಿ ನೆಲೆನಿಂತರು. ಅಷ್ಟರಲ್ಲಿ ಸಂಗೀತದ ಫ್ಯಾಷನ್ ಬದಲಾಗಿತ್ತು. ಇವರದು ಹಳೆಯ ಕಾಲದ ಧಾಟಿ ಎಂದು ಜನ ಸರಿದುಹೋದರು. ಯುದ್ಧ ಬಂದಾಗ ಜರ್ಮನಿಯ ಪ್ರಕಾಶಕರಿಂದ ಬರುತ್ತಿದ್ದ ಹಣ ನಿಂತಿತು. ಎಡ್ನಾ ಐಲ್ಸ್ ಎಂಬ ಇಂಗ್ಲಿಷ್ ಪಿಯಾನೋ ವಾದಕಿ ಮೆಟ್ನರ್ ದಂಪತಿಗಳಿಗೆ ಆಶ್ರಯ ಕೊಟ್ಟರು. 1942ರಲ್ಲಿ ಹೃದಯಾಘಾತವಾಯಿತು. ಅದರ ನಡುವೆಯೇ ಮೂರನೆಯ ಕನ್ಚರ್ಟೋ ಮುಗಿಸಿ, 1944ರ ಫೆಬ್ರವರಿಯಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲಿನಲ್ಲಿ ತಾವೇ ನುಡಿಸಿದರು.

ಅವರ ಕೃತಿಗಳ ಪ್ಲೇಟು ಹುಡುಕಿದರೆ ಸಿಗುತ್ತಿದ್ದದ್ದು ತೀರ ಕಡಿಮೆ. ಮುದುಕನಾದ, ಹೃದ್ರೋಗಿಯಾದ ರಚನಾಕಾರ ತನ್ನ ಸಂಗೀತ ಹೇಗಿರಬೇಕೆಂದು ಕಿವಿಗೆ ಕೇಳಿಸದೆ ಹೋಗಿಬಿಟ್ಟರೆ ಮುಂದಿನವರಿಗೆ ಉಳಿಯುವುದು ಕಾಗದದ ಮೇಲಿನ ಚುಕ್ಕಿಗಳು ಮಾತ್ರ. ಇದನ್ನು ಕಂಡ ಮೈಸೂರಿನ ಮಹಾರಾಜರು ಮೆಟ್ನರ್ ಸೊಸೈಟಿಗೆ ಬೆಂಬಲವಾಗಿ ನಿಂತು, ಸ್ವತಃ ರಚನಾಕಾರನಿಂದಲೇ ಕೃತಿಗಳನ್ನು ನುಡಿಸಿ ಧ್ವನಿಮುದ್ರಿಸುವ ವೆಚ್ಚವನ್ನು ವಹಿಸಿಕೊಂಡರು. 1947ರಲ್ಲಿ, ಅರವತ್ತೇಳರ ವಯಸ್ಸಿನಲ್ಲಿ, ಮೆಟ್ನರ್ ಲಂಡನ್ನಿನ ಫಿಲ್‌ಹಾರ್ಮೋನಿಯಾ ವಾದ್ಯವೃಂದದೊಡನೆ ತಮ್ಮ ಮೂರೂ ಕನ್ಚರ್ಟೋಗಳನ್ನು ನುಡಿಸಿದರು. ಎರಡನೆಯ, ಮೂರನೆಯ ಕನ್ಚರ್ಟೋಗಳಿಗೆ ನಿರ್ದೇಶಕರು ಇಸಾಯ್ ದೊಬ್ರೊವೆನ್. ಆನಂತರ ಬಿಡಿ ಕೃತಿಗಳು. 1950ರಲ್ಲಿ ಹಾಡುಗಳು ಕೂಡ, ಎಲಿಜಬೆತ್ ಶ್ವಾರ್ಟ್ಸ್‌ಕೊಪ್ಫ್ ಅವರ ಕಂಠದಲ್ಲಿ. 1951ರ ನವೆಂಬರ್ 13ರಂದು ಮೆಟ್ನರ್ ತೀರಿಕೊಂಡರು. ಇನ್ನು ನಾಲ್ಕೈದು ವರ್ಷ ತಡವಾಗಿದ್ದರೆ ಏನೂ ಉಳಿಯುತ್ತಿರಲಿಲ್ಲ. ಮೂರನೆಯ ಕನ್ಚರ್ಟೋವನ್ನು ಆತ ಮೈಸೂರಿನ ಮಹಾರಾಜರಿಗೆ ಕೃತಜ್ಞತೆಯಿಂದ ಅರ್ಪಿಸಿದರು. ಇಂದಿಗೂ ಲೋಕದ ಯಾವ ಮೂಲೆಯಲ್ಲಿ ಆ ಕೃತಿಯ ಸ್ವರಲಿಪಿಯನ್ನು ಬಿಡಿಸಿದರೂ ಮೈಸೂರಿನ ಹೆಸರು ಅಲ್ಲಿದೆ.

ಪ್ಲೇಟಿನ ಬಗೆಗೆ ಒಂದು ಮಾತು ಹೇಳಿಬಿಡುತ್ತೇನೆ. ನಿಮಿಷಕ್ಕೆ 78 ಸುತ್ತು ತಿರುಗುತ್ತಿದ್ದ ಆ ಪ್ಲೇಟಿನ ದೊಡ್ಡ ಗಾತ್ರದ್ದರಲ್ಲೂ ಒಂದು ಬದಿಗೆ ನಾಲ್ಕು ನಿಮಿಷಕ್ಕಿಂತ ಸ್ವಲ್ಪ ಹೆಚ್ಚು ಹಿಡಿಯುತ್ತಿತ್ತು. ಅರ್ಧ ಗಂಟೆ ಮೀರಿದ ಕನ್ಚರ್ಟೋವನ್ನು ಎಂಟು-ಹತ್ತು ತುಂಡು ಮಾಡಿ ನುಡಿಸಬೇಕು. ಒಂದು ತುಂಡಿನಲ್ಲಿ ಒಂದು ಸ್ವರ ತಪ್ಪಿದರೆ ಆ ಬದಿಯನ್ನೇ ಮತ್ತೆ ಮೊದಲಿನಿಂದ. ಇಂದು ನಾವು ಸ್ಟುಡಿಯೋದಲ್ಲಿ ಮಾಡುವಂತೆ ತಪ್ಪಿದ ಒಂದು ಸೆಕೆಂಡನ್ನು ಕತ್ತರಿಸಿ ಬೇರೆಯದನ್ನು ಅಂಟಿಸುವ ಅನುಕೂಲ ಆ ಪ್ಲೇಟಿನಲ್ಲಿ ಇರಲಿಲ್ಲ. ಹೃದ್ರೋಗಿಯಾದ ಮುದುಕ ಈ ಶ್ರಮವನ್ನು ಹೊತ್ತ. ಪ್ಲೇಟಿನ ಮೈಯೂ ಕುತೂಹಲದ್ದೇ. ಅದರ ಮುಖ್ಯ ದ್ರವ್ಯ ಅರಗು. ಮರದ ರೆಂಬೆಯ ಮೇಲೆ ಪುಟ್ಟ ಹುಳ ಕಟ್ಟುವ ಅರಗು. ಅದು ಹೆಚ್ಚಾಗಿ ಹೋಗುತ್ತಿದ್ದದ್ದು ನಮ್ಮ ದೇಶದ ಕಾಡುಗಳಿಂದ. ಇಲ್ಲಿಯ ಅರಗು ಸಮುದ್ರ ದಾಟಿ ಹೋಗಿ, ಸಂಗೀತವನ್ನು ಮೈಮೇಲೆ ಬರೆಸಿಕೊಂಡು ಮತ್ತೆ ಇಲ್ಲಿಗೆ ಬರುತ್ತಿತ್ತು. ಅದೇ ದಶಕದಲ್ಲಿ ನಮ್ಮ ಬೀಳಗಿಯ ಅಮೀರಬಾಯಿ ಕರ್ನಾಟಕಿ ಅವರ ಕಂಠವನ್ನು, 1943ರ 'ಕಿಸ್ಮತ್' ಚಿತ್ರದ ಹಾಡುಗಳನ್ನು, ಇಡೀ ದೇಶಕ್ಕೆ ಹಂಚಿದ್ದೂ ಇಂಥದೇ ಅರಗಿನ ಪ್ಲೇಟು.

ಮೆಟ್ನರರ ಕೆಲಸಕ್ಕಾಗಿಯೇ ಲಂಡನ್ನಿನ ಧ್ವನಿಮುದ್ರಣ ನಿರ್ಮಾಪಕ ವಾಲ್ಟರ್ ಲೆಗ್ ಮೈಸೂರಿಗೆ ಬಂದರು. ಫಿಲ್‌ಹಾರ್ಮೋನಿಯಾ ವಾದ್ಯವೃಂದವನ್ನು 1945ರಲ್ಲಿ ಕಟ್ಟಿದವರು ಇವರೇ. ಮೂವತ್ತು ದಾಟದ ರಾಜನ ಅರಮನೆಯಲ್ಲಿ ಪ್ಲೇಟುಗಳ ಭಂಡಾರ, ಸಾಲು ಧ್ವನಿವರ್ಧಕಗಳು, ಕಛೇರಿ ಪಿಯಾನೋಗಳು – ಇವನ್ನು ಕಂಡು ಬೆರಗಾದುದನ್ನು ಅವರು ತಮ್ಮ ನೆನಪುಗಳಲ್ಲಿ ಬರೆದಿದ್ದಾರೆ. ವಾದ್ಯವೃಂದ ಕಾಲೂರಲು ವರ್ಷಕ್ಕೆ ಹತ್ತು ಸಾವಿರ ಪೌಂಡಿನಂತೆ ಮೂರು ವರ್ಷ ನೆರವು ನೀಡಲು ಮಹಾರಾಜರು ಒಪ್ಪಿದರೆಂದೂ ಬರೆದಿದ್ದಾರೆ. 1948ರಲ್ಲಿ ಲಂಡನ್ನಿನ ಫಿಲ್‌ಹಾರ್ಮೋನಿಯಾ ಕಛೇರಿ ಸಂಘಕ್ಕೆ ಮೊದಲ ಅಧ್ಯಕ್ಷರಾದವರು ಮೈಸೂರಿನ ಮಹಾರಾಜರು. ಆ ವಾದ್ಯವೃಂದ ಇಂದಿಗೂ ಲಂಡನ್ನಿನಲ್ಲಿ ಕಛೇರಿ ಕೊಡುತ್ತಿದೆ.

ಇನ್ನೊಂದು ಪ್ರಸಂಗ. ಜರ್ಮನಿಯ ರಿಚರ್ಡ್ ಸ್ಟ್ರೌಸ್ ಎಂಬ ಮಹಾನ್ ರಚನಾಕಾರರು 1949ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು. ಕೊನೆಗಾಲದಲ್ಲಿ ಬರೆದ ನಾಲ್ಕು ಹಾಡುಗಳು ಅವರ ಕಿವಿಗೆ ಬೀಳಲೇ ಇಲ್ಲ. ಅವುಗಳ ಮೊದಲ ಪ್ರಯೋಗ 1950ರ ಮೇ 22ರಂದು ರಾಯಲ್ ಆಲ್ಬರ್ಟ್ ಹಾಲಿನಲ್ಲಿ ನಡೆಯಿತು. ಹಾಡಿದವರು ಕಿರ್ಸ್ಟನ್ ಫ್ಲ್ಯಾಗ್‌ಸ್ಟಾಡ್, ನಡೆಸಿದವರು ವಿಲ್ಹೆಲ್ಮ್ ಫುರ್ಟ್‌ವೆಂಗ್ಲರ್, ವಾದ್ಯವೃಂದ ಅದೇ ಫಿಲ್‌ಹಾರ್ಮೋನಿಯಾ. ಆ ಕಛೇರಿಗೆ 4,800 ಡಾಲರಿನ ಜಾಮೀನು ಕೊಟ್ಟವರು ನಮ್ಮ ಮಹಾರಾಜರು. ಆದರೆ ಅವರು ಹೋಗಿ ಕೂರಲಾಗಲಿಲ್ಲ. ಅವರು ಕೇಳಲೆಂದು ಅದನ್ನು ಪ್ಲೇಟಿಗೆ ಇಳಿಸಿ ಮೈಸೂರಿಗೆ ಕಳಿಸಿದರು. ಅವು ಮೆತ್ತನೆಯ ಲೇಪದ ಮೇಲೆ ನೇರವಾಗಿ ಕೊರೆದ ಪ್ಲೇಟುಗಳು; ಒಮ್ಮೆ ಹಚ್ಚಿದರೆ ಒಂದಿಷ್ಟು ಸವೆಯುತ್ತವೆ. ಇಂದು ಆ ಮೊದಲ ಪ್ರಯೋಗದ ಧ್ವನಿ ಲೋಕಕ್ಕೆ ಸಿಕ್ಕಿದೆ. ಕರಕರ ಸದ್ದಿನ ನಡುವೆ ಫ್ಲ್ಯಾಗ್‌ಸ್ಟಾಡರ ಕಂಠ ತೇಲಿಬರುತ್ತದೆ. ಹಾಡಿದ್ದು ಲಂಡನ್ನಿನಲ್ಲಿ, ಉಳಿದದ್ದು ಸುಮಾರು ಐದು ಸಾವಿರ ಮೈಲಿ ಆಚೆ ಕುಳಿತ ಒಬ್ಬ ಕೇಳುಗನ ಆಸೆಯಿಂದ.

ಇಲ್ಲಿ ಒಂದು ಕಷ್ಟದ ಪ್ರಶ್ನೆಯನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. ಅಂದಿನ ವಿನಿಮಯ ದರದಲ್ಲಿ ಹತ್ತು ಸಾವಿರ ಪೌಂಡು ಎಂದರೆ ಸುಮಾರು ಒಂದು ಲಕ್ಷ ಮೂವತ್ತಮೂರು ಸಾವಿರ ರೂಪಾಯಿ. ಯುದ್ಧ ಮುಗಿದ ಕಾಲ; ಕಾಳಿಗೂ ಬಟ್ಟೆಗೂ ರೇಷನ್. 1947ರ ಸೆಪ್ಟೆಂಬರಿನಲ್ಲಿ ಜವಾಬ್ದಾರಿ ಸರ್ಕಾರಕ್ಕಾಗಿ 'ಮೈಸೂರು ಚಲೋ' ಚಳವಳಿ ನಡೆದು ಜನ ಬೀದಿಗಿಳಿದಿದ್ದರು, ಅಕ್ಟೋಬರಿನಲ್ಲಿ ಕೆ.ಸಿ. ರೆಡ್ಡಿಯವರ ಮಂತ್ರಿಮಂಡಲ ಬಂತು. ಅದೇ ವರ್ಷ ಲಂಡನ್ನಿನಲ್ಲಿ ಮೆಟ್ನರರ ಧ್ವನಿಮುದ್ರಣ. ನಮ್ಮ ರಾಜನ ಹಣ ಅಲ್ಲಿಗೇಕೆ ಹೋಗಬೇಕಿತ್ತು ಎಂದು ಕೇಳುವವನನ್ನು ಸಂಗೀತದ್ವೇಷಿ ಎನ್ನಲಾಗದು. ಆ ಪ್ರಶ್ನೆ ನ್ಯಾಯವಾದದ್ದೇ.

ನನ್ನ ಉತ್ತರ ಇಷ್ಟು. ಒಬ್ಬ ವ್ಯಕ್ತಿಯ ಇಷ್ಟಕ್ಕೆ ಅಷ್ಟು ಹಣ ಸಿಗುವ ವ್ಯವಸ್ಥೆ ಹೋದದ್ದು ಒಳ್ಳೆಯದಾಯಿತು. ಅದು ಮತ್ತೆ ಬರಬೇಕೆಂದು ನಾನು ಹೇಳಲಾರೆ. ಆದರೆ ಅದೇ ಕಾಲದಲ್ಲಿ ರಾಜರುಗಳ ಹಣ ಕುದುರೆಗೆ, ಕಾರಿಗೆ, ಬೇಟೆಗೆ ಹೋದದ್ದನ್ನೂ ನಾವು ಓದಿದ್ದೇವೆ. ಹಾಗೆ ಹೋದ ಹಣದಿಂದ ಇಂದು ನಮ್ಮ ಕೈಯಲ್ಲಿ ಏನಿದೆ? ಇಲ್ಲಿ ಮೂರು ಕನ್ಚರ್ಟೋಗಳಿವೆ, ನಾಲ್ಕು ಹಾಡುಗಳಿವೆ. ಕಲೆಗೆ ಹಣ ಕೊಡುವ ಕೆಲಸ ಈಗ ಸರ್ಕಾರದ್ದು, ಅಕಾಡೆಮಿಗಳದ್ದು, ನಮ್ಮಂಥ ಸಾರ್ವಜನಿಕ ವಾಹಿನಿಗಳದ್ದು. ಜನರ ಹಣವನ್ನು ಹೀಗೆ ಬಳಸುವ ನಾವು ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದೇ: ಅರವತ್ತೇಳರ ಮುದುಕನ ಬಳಿಗೆ ಸಮಯ ಮೀರುವ ಮುನ್ನ ಹೋದೆವೆ? ಪಾರಿಜಾತದ ಹಳೆಯ ಭಾಗವತರು, ಕೊನೆಯ ತಲೆಮಾರಿನ ಪೇಟಿ ಮಾಸ್ತರರು, ಹಂತಿಪದ ಹಾಡುವ ಅಜ್ಜಂದಿರು ನಮ್ಮ ಸುತ್ತಲೇ ಇದ್ದಾರೆ. ಅವರಲ್ಲಿ ಎಷ್ಟು ಜನರ ಧ್ವನಿ ಸರಿಯಾಗಿ ದಾಖಲಾಗಿದೆ?

ಪಿಯಾನೋ ಕೈತಪ್ಪಿದ ಮೇಲೆ ಮಹಾರಾಜರ ಸ್ವಂತ ಸಂಗೀತ ಏನಾಯಿತು ಎಂಬುದನ್ನೂ ಹೇಳಬೇಕು. ಅವರು ವೀಣೆಯನ್ನು ವಿದ್ವಾನ್ ವೆಂಕಟಗಿರಿಯಪ್ಪನವರಲ್ಲಿ ಕಲಿತಿದ್ದರು. ಮೈಸೂರು ವಾಸುದೇವಾಚಾರ್ಯರ (1865–1961) ಮಾರ್ಗದರ್ಶನದಲ್ಲಿ ಕರ್ನಾಟಕ ಸಂಗೀತದ ರಚನೆಗೆ ಕೈಹಾಕಿ, 'ಶ್ರೀವಿದ್ಯಾ' ಅಂಕಿತದಲ್ಲಿ 94 ಕೃತಿಗಳನ್ನು ಸಂಸ್ಕೃತದಲ್ಲಿ ರಚಿಸಿದರು. ಅಪರೂಪದ ರಾಗಗಳನ್ನು ಹುಡುಕಿ ಹುಡುಕಿ ಬಳಸಿದರು. 1945ರಲ್ಲಿ ಲಂಡನ್ನಿನ ಟ್ರಿನಿಟಿ ಸಂಗೀತ ಕಾಲೇಜು ಗೌರವ ಫೆಲೋ ಆಗಿ ಅವರನ್ನು ಆರಿಸಿತು; 1966ರಲ್ಲಿ ನಮ್ಮ ಸಂಗೀತ ನಾಟಕ ಅಕಾಡೆಮಿಯ ಫೆಲೋಷಿಪ್ ಬಂತು. ಒಂದು ಗೌರವ ಹನ್ನೆರಡು ಸಮಭಾಗದ ಪಟ್ಟಿಯ ಸಂಗೀತದ್ದು. ಇನ್ನೊಂದು ಪಟ್ಟಿಗೆ ಸಿಗದ ಗಮಕದ ಸಂಗೀತದ್ದು. ಒಂದೇ ಕಿವಿ ಎರಡನ್ನೂ ಕಲಿಯಬಲ್ಲದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ನಮ್ಮ ನಾಡಿನಲ್ಲಿ ಸಿಗುವುದು ಕಷ್ಟ. ರಾಜರಾಗಿ, ರಾಜಪ್ರಮುಖರಾಗಿ, 1956ರಿಂದ 1964ರವರೆಗೆ ಮೈಸೂರು ರಾಜ್ಯದ ರಾಜ್ಯಪಾಲರಾಗಿ, ಆಮೇಲೆ 1966ರವರೆಗೆ ಮದರಾಸಿನ ರಾಜ್ಯಪಾಲರಾಗಿ ಕೆಲಸ ಮಾಡಿ, 1974ರ ಸೆಪ್ಟೆಂಬರ್ 23ರಂದು ಐವತ್ತೈದನೆಯ ವಯಸ್ಸಿನಲ್ಲಿ ತೀರಿಕೊಂಡರು.

ನನ್ನ ವೃತ್ತಿಯ ಒಂದು ಅನುಭವ ಇಲ್ಲಿ ನೆನಪಾಗುತ್ತದೆ. ಪಿಯಾನೋ ಕಛೇರಿಯನ್ನು ಚಿತ್ರೀಕರಿಸುವಾಗ ವಾದಕನ ಬಲಮಗ್ಗುಲು ಸಭೆಯ ಕಡೆಗೆ ಇರುತ್ತದೆ. ಪಿಯಾನೋದ ಮುಚ್ಚಳ ಆ ಕಡೆಗೇ ತೆರೆದು ಸದ್ದನ್ನು ಸಭೆಗೆ ತಿರುಗಿಸುತ್ತದೆ. ನಾವು ಒಂದು ಕ್ಯಾಮೆರಾವನ್ನು ಕೈಗಳ ಮೇಲೆ, ಒಂದನ್ನು ಮುಖದ ಮೇಲೆ, ಮೂರನೆಯದನ್ನು ಕೇಳುಗರ ಮೇಲೆ ಇಡುತ್ತೇವೆ. ಸಂಕಲನಕ್ಕೆ ಕುಳಿತಾಗ ಆ ಮೂರನೆಯ ಕ್ಯಾಮೆರಾದ ಚಿತ್ರವನ್ನೇ ಮೊದಲು ಕತ್ತರಿಸುವುದು ವಾಡಿಕೆ. ನೋಡುವವರಿಗೆ ವಾದಕ ಬೇಕು, ಕೇಳುಗ ಬೇಡ. ಪೇಟಿ, ತಬಲಾ, ವೀಣೆ, ಯಾವ ಕಛೇರಿಯಾದರೂ ಕಥೆ ಇದೇ. ಆದರೆ ಸಂಗೀತದ ಇತಿಹಾಸದಿಂದ ಕೇಳುಗನನ್ನು ಹಾಗೆ ಕತ್ತರಿಸಿದರೆ ಮೆಟ್ನರ್ ಕಾಣೆಯಾಗುತ್ತಾರೆ.

ನಿಮ್ಮ ಮನೆಯಲ್ಲೂ ಪೇಟಿಯ ಮುಂದೆ ಕೂತ ಹುಡುಗನೋ ಹುಡುಗಿಯೋ ಇರಬಹುದು. ನಾಳೆ ಅವರು ಹೊಲ ನೋಡಿಕೊಳ್ಳಬೇಕಾಗಬಹುದು, ಮಗ್ಗದ ಮುಂದೆ ಕೂರಬೇಕಾಗಬಹುದು, ಮನೆಯ ಹಿರಿಯರು ಹಠಾತ್ತನೆ ಹೋಗಿ ಸಂಸಾರದ ನೊಗ ಇಪ್ಪತ್ತರಲ್ಲೇ ಹೆಗಲಿಗೆ ಬೀಳಬಹುದು. ನೊಗಕ್ಕೆ ಅರಮನೆ-ಗುಡಿಸಲು ಎಂಬ ಭೇದವಿಲ್ಲ. ಎಲ್ಲರೂ ವೇದಿಕೆ ಏರಲಾರರು. ಹಾಗೆಂದು ಕಲಿತದ್ದು ವ್ಯರ್ಥ ಎಂದು ಪೇಟಿಯನ್ನು ಅಟ್ಟಕ್ಕೆ ಹಾಕಬೇಡಿ. ಕಲಿತ ಕಿವಿ ಮಾತ್ರ ಇನ್ನೊಬ್ಬರ ಯೋಗ್ಯತೆಯನ್ನು ಗುರುತಿಸಬಲ್ಲದು. ಲಕ್ಷ ರೂಪಾಯಿ ಕೊಡುವುದು ನಮ್ಮಿಂದಾಗದು. ಊರಿನ ಭಜನೆಯ ಮೇಳದ ಮುಂದೆ ಒಂದು ತಾಸು ಕುಳಿತು ಕೇಳುವುದು, ಹಳೆಯ ಮಾಸ್ತರರ ನುಡಿಸಾಣಿಕೆಯನ್ನು ಕೈಯಲ್ಲಿರುವ ಫೋನಿನಲ್ಲೇ ಶಾಂತವಾದ ಕೋಣೆಯಲ್ಲಿ ದಾಖಲಿಸಿ, ಹೆಸರು-ತಾರೀಖು ಬರೆದಿಡುವುದು ಯಾರಿಂದಲೂ ಆದೀತು.

ಕೊನೆಯದಾಗಿ ಒಂದು ಪುಟ್ಟ ಪ್ರಯೋಗ. ಪೇಟಿಯ ಮುಂದೆ ಕುಳಿತು ಮೂರು ಕರಿ ಪಟ್ಟಿಗಳ ಗುಂಪಿನ ಮೊದಲನೆಯದನ್ನು ಷಡ್ಜ ಮಾಡಿಕೊಂಡು ಬರೇ ಕರಿ ಪಟ್ಟಿಗಳ ಮೇಲೆ ಬೆರಳಾಡಿಸಿ. ಐದು ಸ್ವರ, ನಿಮಗೆ ಕೇಳುವುದು ಭೂಪ ರಾಗ. ಎರಡು ಕರಿ ಪಟ್ಟಿಗಳ ಗುಂಪಿನ ಮೊದಲನೆಯದರಿಂದ ಶುರು ಮಾಡಿದರೆ ಅದೇ ಪಟ್ಟಿಗಳು ದುರ್ಗಾ ರಾಗವಾಗುತ್ತವೆ. ಲಂಡನ್ನಿನ ಪಿಯಾನೋದಲ್ಲಿ ಮಾಡಿದರೂ ಇದೇ ಫಲ. ಆಮೇಲೆ ಮೆಟ್ನರ್ ತಾವೇ ನುಡಿಸಿದ ಮೂರನೆಯ ಕನ್ಚರ್ಟೋ ಎಲ್ಲಾದರೂ ಸಿಕ್ಕರೆ ಕೇಳಿ. ಮೊದಲ ಸಲ ಅಪರಿಚಿತವೆನಿಸೀತು. ಎರಡನೆಯ ಸಲ, ಮೂರನೆಯ ಸಲ ಕೇಳಿ. ಕಛೇರಿ ಕೊಡದ ಕನ್ನಡದ ಪಿಯಾನೋ ವಾದಕರೊಬ್ಬರು ನಮ್ಮೆಲ್ಲರಿಗಾಗಿ ಉಳಿಸಿಟ್ಟ ಸಂಗೀತ ಅದು.